ದುಬೈಯಲ್ಲಿ ಎಲ್ವಾ ನೂರ್ಬಿಗೆ ಸನ್ಮಾನ

ಮೊದಲನೇ ದಿನ, ಬುಧವಾರ: ವಿಮಾನ ನಿಲ್ದಾಣ

ದಿನಕರ ಮಾವ ಎರಡು ಹೂಗುಚ್ಛ ಹಿಡಿದುಕೊಂಡು ನಿಂತಿದ್ದರು. ಚಿಕ್ಕದನ್ನು ನನ್ನ ಕೈಗೆ ಕೊಟ್ಟರು. ದೊಡ್ಡದನ್ನು ಎದೆಗೆ ಒತ್ತಿ ಹಿಡಿದು, ನನ್ನ ತಲೆಯ ಮೇಲಿನಿಂದ ಹಿಂದಕ್ಕೆ ನೋಡತೊಡಗಿದರು. ಮಂಗಳೂರಿನ ವಿಮಾನದಿಂದ ಇಳಿದವರು ಹಗ್ಗ ಬಿಗಿದ ರಟ್ಟಿನ ಪೆಟ್ಟಿಗೆಗಳನ್ನು ತಳ್ಳಿಕೊಂಡು ಒಬ್ಬೊಬ್ಬರಾಗಿ ಹೊರಟುಹೋದರು. ಕೊನೆಯ ಪೆಟ್ಟಿಗೆಯೂ ಹೋಯಿತು.

"ಮೇಡಂ ಬೇರೆ ಫ್ಲೈಟಾ?" ಎಂದು ಕೇಳಿದರು.

"ಯಾವ ಮೇಡಂ?"

"ನಿನ್ನ ಸ್ವೀಡನ್ ಮೇಡಂ. ಎಲ್ವಾ ನೂರ್ಬಿ."

"ಮಾವ, ಅವರು ತೀರಿಕೊಂಡು ಇಪ್ಪತ್ತು ವರ್ಷ ದಾಟಿತು."

ಮಾವ ಹೂಗುಚ್ಛವನ್ನೊಮ್ಮೆ ನೋಡಿದರು, ನನ್ನನ್ನೊಮ್ಮೆ ನೋಡಿದರು. ಆಮೇಲೆ ದೊಡ್ಡದನ್ನೂ ನನ್ನ ಕೈಗೇ ಕೊಟ್ಟು, "ಅತ್ತೆಗೆ ಹೇಳಬೇಡ" ಅಂದರು.

ನಾನು ಉಡುಪಿಯ ಒಂದು ಕಾಲೇಜಿನಲ್ಲಿ ಸಹಾಯಕ ಗ್ರಂಥಪಾಲಕಿ. ಎರಡು ವರ್ಷದ ಹಿಂದೆ ಯಾರೋ ದಾನ ಕೊಟ್ಟ ಪುಸ್ತಕಗಳ ರಾಶಿಯಲ್ಲಿ ಎಲ್ವಾ ನೂರ್ಬಿ ಎಂಬ ಸ್ವೀಡಿಷ್ ಚಿತ್ರನಟಿ ಬರೆದ ತೆಳ್ಳಗಿನ ಆತ್ಮಕಥೆಯ ಇಂಗ್ಲಿಷ್ ಅನುವಾದ ಸಿಕ್ಕಿತು. ನಾಲ್ಕು ಸಲ ಓದಿದೆ. ಮೂರು ನೋಟ್ ಪುಸ್ತಕ ತುಂಬಿಸಿದೆ. ಅವರು ನಟಿಸಿದ್ದು ಇಪ್ಪತ್ತಮೂರು ಚಿತ್ರಗಳಲ್ಲಿ. ನನಗೆ ನೋಡಲು ಸಿಕ್ಕಿದ್ದು ಒಂಬತ್ತು. ಆ ಒಂಬತ್ತರಲ್ಲಿ ಆರರಲ್ಲಿ ಅವರ ಮೊದಲ ಕೆಲಸವೆಂದರೆ ಯಾರೋ ಕದ ತಟ್ಟಿದಾಗ ಹೋಗಿ ಬಾಗಿಲು ತೆರೆಯುವುದು. ನಮ್ಮಲ್ಲಿ ನಾಯಕನ ತಂಗಿ ಕಾಫಿ ತಟ್ಟೆ ಹಿಡಿದು ಬರುವ ಹಾಗೆ. ಆದರೆ ಅದೇ ಎಲ್ವಾ ಚಿತ್ರೀಕರಣದ ಬಿಡುವಿನಲ್ಲಿ ಪಿಯಾನೋ ಮುಂದೆ ಕೂತು ರಾಗ ಕಟ್ಟುತ್ತಿದ್ದರು. ಅದರಲ್ಲೊಂದು ರಾಗ ಅವರನ್ನೇ ಮೀರಿ ಬೆಳೆಯಿತು. ಆ ವಿಷಯಕ್ಕೆ ಆಮೇಲೆ ಬರುತ್ತೇನೆ.

ಮಾವ ದುಬೈಯ ಒಂದು ಕನ್ನಡ ಸಂಘದಲ್ಲಿ ಈ ವರ್ಷ ಸಾಂಸ್ಕೃತಿಕ ಕಾರ್ಯದರ್ಶಿ. ವಾರ್ಷಿಕೋತ್ಸವಕ್ಕೆ ಸಿನಿಮಾ ಬಗ್ಗೆ ಇಪ್ಪತ್ತು ನಿಮಿಷ ಮಾತಾಡುತ್ತೀಯಾ ಎಂದು ಕೇಳಿದ್ದರು. ನಾನು ಹನ್ನೊಂದು ಪುಟದ ಉಪನ್ಯಾಸ ಬರೆದು, ಮೇಲೊಂದು ಎಲ್ವಾ ಅವರ ಚಿತ್ರ ಹಾಕಿ ಕಳಿಸಿದ್ದೆ. ಮಾವ ಓದಿದ್ದು ಚಿತ್ರವನ್ನು ಮಾತ್ರ ಎಂದು ನನಗೆ ಗೊತ್ತಾದದ್ದು ಆ ದಿನ, ಕಾರು ನಿಲ್ಲಿಸಿದ ಜಾಗದಲ್ಲಿ, ಅವರ ಮೊಬೈಲ್ ನೋಡಿದಾಗ. ಸಂಘದ ಆಮಂತ್ರಣದಲ್ಲಿ ಯಾವಾಗಲೂ ಒಂದು ದೊಡ್ಡ ದುಂಡು ಚಿತ್ರ ಇರುತ್ತದಂತೆ, ಅದು ಸನ್ಮಾನಿತರದ್ದು. ಸುತ್ತ ಚಿಕ್ಕ ದುಂಡು ಚಿತ್ರಗಳು, ಅವು ಪದಾಧಿಕಾರಿಗಳದ್ದು. ಈ ಸಲದ ದೊಡ್ಡ ದುಂಡಿನಲ್ಲಿ ಇಪ್ಪತ್ತನಾಲ್ಕು ವರ್ಷದ ಎಲ್ವಾ ಮುತ್ತಿನ ಸರ ಹಾಕಿಕೊಂಡು ನಗುತ್ತಿದ್ದರು. ಕೆಳಗೆ, 'ಸನ್ಮಾನ: ಸ್ವೀಡನ್ನಿನ ಖ್ಯಾತ ಚಿತ್ರನಟಿ, ಸಂಗೀತ ಸಂಯೋಜಕಿ.' ಚಿತ್ರ ಕಪ್ಪು ಬಿಳುಪಿನಲ್ಲಿದ್ದದ್ದು ಹೊಸ ಫ್ಯಾಶನ್ ಎಂದು ಮಾವ ಅಂದುಕೊಂಡಿದ್ದರಂತೆ.

"ಎಷ್ಟು ಜನರಿಗೆ ಹೋಗಿದೆ ಇದು?"

"ಹೆಚ್ಚಿಲ್ಲ," ಅಂದರು ಮಾವ. "ಏಳು ಎಮಿರೇಟಿಗೂ ಹೋಗಿದೆ."

ಎರಡನೇ ದಿನ, ಗುರುವಾರ: ದುಬೈ ಸಿಲಿಕಾನ್ ಓಯಸಿಸ್

ಮಾವನ ಮನೆ ಇರುವುದು ಹನ್ನೊಂದನೇ ಮಹಡಿಯಲ್ಲಿ. ಬೆಳಗ್ಗೆ ಸ್ನಾನಕ್ಕೆ ಹೋದವಳು ತಣ್ಣೀರಿನ ನಲ್ಲಿ ತಿರುಗಿಸಿದೆ. ಕುದಿಯುವ ನೀರು ಬಂತು. ಕೂಗಿದೆ. ಶಶಿ ಅತ್ತೆ ಬಾಗಿಲ ಹೊರಗಿನಿಂದ ಸಮಾಧಾನವಾಗಿ ಹೇಳಿದರು: ಸೆಪ್ಟೆಂಬರಿನಲ್ಲಿ ಇಲ್ಲಿ ತಣ್ಣೀರು ಬೇಕಾದರೆ ಬಿಸಿನೀರಿನ ನಲ್ಲಿ ತಿರುಗಿಸಬೇಕು. ತಾರಸಿಯ ಟ್ಯಾಂಕು ಬಿಸಿಲಿಗೆ ಕಾಯುತ್ತದೆ. ಗೀಸರಿನ ಸ್ವಿಚ್ಚು ಹಾಕದೆ ಬಿಟ್ಟರೆ ಅದರೊಳಗಿನ ನೀರು ಎ.ಸಿ. ಮನೆಯಲ್ಲಿ ಕೂತು ತಣ್ಣಗಾಗಿರುತ್ತದೆ. ನಾನಿದನ್ನು ದಿನಚರಿಯಲ್ಲಿ ಚಿತ್ರ ಸಮೇತ ಬರೆದಿಟ್ಟುಕೊಂಡೆ. ಮರುದಿನ ಮರೆತು ಮತ್ತೆ ಕೂಗಿದೆ. ಆರು ದಿನದಲ್ಲಿ ಒಟ್ಟು ನಾಲ್ಕು ಸಲ.

ಅತ್ತೆಗೆ ವಿಷಯ ಹೇಳದೆ ಉಳಿಸಲು ಆಗಲಿಲ್ಲ. ಅವರು ಆಗಲೇ ಮೇಡಂಗೆಂದು ಪಕ್ಕದ ಕೋಣೆಗೆ ಹೊಸ ಹಾಸು ಹಾಕಿ, ಕೋಳಿ ತಂದು ಖಾರ ಕಡಿಮೆ ಇರುವ ಕೋರಿ ಗಸಿ ಮಾಡಿ ಇಟ್ಟಿದ್ದರು. ಕೇಳಿದ ಮೇಲೆ ಐದು ನಿಮಿಷ ನಕ್ಕರು. ಹದಿಮೂರು ವರ್ಷದ ಮಗಳು ಇಶಾ ಇಂಗ್ಲಿಷಿನಲ್ಲಿ, ಸತ್ತವರನ್ನು ಕರೆಸುವುದಾದರೆ ಇನ್ನೂ ದೊಡ್ಡ ನಟಿಯನ್ನೇ ಕರೆಸಬಹುದಿತ್ತಲ್ಲ ಎಂದಳು.

ಮಾವ ಮಾತ್ರ ನಗಲಿಲ್ಲ. ಅವರಿಗೊಂದು ಉಪಾಯ ಹೊಳೆದಿತ್ತು. ಅವರ ಆಫೀಸಿನಲ್ಲಿ ಲೀನಾ ಎಂಬ ಸ್ವೀಡನ್ನಿನ ಇಂಜಿನಿಯರ್ ಇದ್ದಾರೆ. ಕೂದಲು ಬಿಳಿ ಹಳದಿ, ವಯಸ್ಸು ಐವತ್ತರ ಹತ್ತಿರ. ಮಧ್ಯಾಹ್ನ ನನ್ನನ್ನು ಆಫೀಸಿನ ಕೆಳಗಿನ ಕೆಫೆಟೇರಿಯಾಕ್ಕೆ ಕರೆದುಕೊಂಡು ಹೋಗಿ ಪರಿಚಯಿಸಿದರು. ನಮ್ಮ ಸಂಘದವರು ಸ್ವೀಡನ್ ದೇಶದ ಕಲೆಗೆ ಗೌರವ ಸಲ್ಲಿಸುತ್ತಿದ್ದಾರೆ, ನೀವು ಬಂದು ಒಂದು ಶಾಲು ಹೊದ್ದುಕೊಂಡರೆ ಸಾಕು ಎಂದು ಹೇಳಿದರು. ಅದರಲ್ಲಿ ಸುಳ್ಳು ಒಂದು ಪದವೂ ಇರಲಿಲ್ಲ. ಅದೇ ನನಗೆ ಭಯ ಹುಟ್ಟಿಸಿತು.

ಲೀನಾ ಉತ್ತರಕ್ಕೆ ಬದಲು ಗಕ್ಕನೆ ಒಮ್ಮೆ ಉಸಿರು ಒಳಗೆಳೆದುಕೊಂಡರು. ಮಾವ ಹೆದರಿ ನೀರು ತರಲು ಎದ್ದರು. ನಾನು ಅವರನ್ನು ತೋಳು ಹಿಡಿದು ಕೂರಿಸಿದೆ. ಸ್ವೀಡನ್ನಿನ ಉತ್ತರದ ಊರುಗಳಲ್ಲಿ 'ಹೌದು' ಎನ್ನಲು ಹೀಗೆ ಉಸಿರು ಒಳಗೆಳೆದುಕೊಳ್ಳುತ್ತಾರೆ. ಎಲ್ವಾ ಅವರ ಆತ್ಮಕಥೆಯಲ್ಲಿ ಓದಿದ್ದೆ. ನಾವು ತಲೆಯನ್ನು ಅತ್ತಿತ್ತ ಆಡಿಸುವುದನ್ನು ನೋಡಿ ಹೊರಗಿನವರು ಏನು ತಿಳಿದುಕೊಳ್ಳುತ್ತಾರೋ! ಕರಕ್ ಚಹಾ ಮುಗಿಯುವಷ್ಟರಲ್ಲಿ ಲೀನಾ ಹೀಗೆ ಒಂಬತ್ತು ಸಲ ಒಪ್ಪಿಕೊಂಡರು. ಮಾವ ಒಂಬತ್ತು ಸಲವೂ ಅರ್ಧ ಎದ್ದರು.

ಮಾವ ಬಿಲ್ ಕೊಡಲು ಹೋದಾಗ ನಾನು ಮೆಲ್ಲನೆ ಕೇಳಿದೆ, ಎಲ್ವಾ ನೂರ್ಬಿ ಎಂಬ ಹೆಸರು ಕೇಳಿದ್ದೀರಾ ಎಂದು. ಲೀನಾ ಯೋಚಿಸಿದರು. ಇಲ್ಲ, ಅಜ್ಜಿಯ ಕಾಲದವರಿರಬೇಕು ಅಂದರು. ಅಷ್ಟರಲ್ಲಿ ಮಾವ ಓಡಿ ಬಂದು ಹವಾಮಾನದ ಮಾತು ತೆಗೆದರು.

ಲಿಫ್ಟಿನಲ್ಲಿ ಮಾವನನ್ನು ಕೇಳಿದೆ: "ವೇದಿಕೆಯಲ್ಲಿ ಇವರೇ ಎಲ್ವಾ ಅಂತ ಹೇಳುತ್ತೀರಾ?"

"ಛೆ. ಇವರೇ ಎಲ್ವಾ ಅಂತ ಯಾರೂ ಹೇಳುವುದಿಲ್ಲ," ಅಂದರು ಮಾವ. "ಅಲ್ಲ ಅಂತಲೂ ಯಾರೂ ಹೇಳುವುದಿಲ್ಲ."

ಮೂರನೇ ದಿನ, ಶುಕ್ರವಾರ: ಮುಸಫ್ಫಾ

ಸ್ಮರಣಿಕೆ ತಯಾರಾಗುತ್ತಿದ್ದದ್ದು ಅಬುಧಾಬಿಯ ಮುಸಫ್ಫಾದಲ್ಲಿ. ದುಬೈಯಿಂದ ಅಲ್ಲಿಗೆ ಒಂದೂವರೆ ಗಂಟೆ. ರಸ್ತೆ ಎಷ್ಟು ನೇರವೆಂದರೆ ಇಡೀ ದಾರಿಯಲ್ಲಿ ಮಾವ ಸ್ಟಿಯರಿಂಗನ್ನು ತಿರುಗಿಸಿದ್ದಕ್ಕಿಂತ ಹೆಚ್ಚು ಸಲ ನಿಟ್ಟುಸಿರು ಬಿಟ್ಟರು. ಹಾರ್ನ್ ಕೇಳಿಸಿದ್ದು ಎರಡು ಸಲ. ಉಡುಪಿಯ ಸಿಟಿ ಬಸ್ ನಿಲ್ದಾಣದಿಂದ ಹೊರಗೆ ಬರುವುದಕ್ಕೇ ನಮಗೆ ಅದಕ್ಕಿಂತ ಹೆಚ್ಚು ಬೇಕು.

ಹಮೀದಾಕ ಉಳ್ಳಾಲದ ಬ್ಯಾರಿ, ಸಂಘದ ಉಪಾಧ್ಯಕ್ಷರು. ಮುಸಫ್ಫಾದಲ್ಲಿ ಅವರದ್ದು ಕಬ್ಬಿಣ, ಸ್ಟೀಲಿನ ವರ್ಕ್‌ಶಾಪು. ತೈಲದ ಕಂಪನಿಗಳಿಗೆ ಟ್ಯಾಂಕು, ಏಣಿ, ಕಟಾಂಜನ ಮಾಡಿಕೊಡುತ್ತಾರೆ. ಸಂಘದ ಸ್ಮರಣಿಕೆ ಪ್ರತಿ ವರ್ಷ ಅವರದ್ದೇ ಕೊಡುಗೆ. ಟ್ಯಾಂಕು ಮಾಡಿ ಅಭ್ಯಾಸವಾದ ಕೈ, ಹಾಗಾಗಿ ಸ್ಮರಣಿಕೆಗಳು ಸ್ವಲ್ಪ ಗಟ್ಟಿ. ಹಿಂದೊಮ್ಮೆ ಊರಿನ ಒಬ್ಬ ಹಿರಿಯ ಸಾಹಿತಿ ತಮ್ಮ ಸ್ಮರಣಿಕೆಯನ್ನು ವಿಮಾನದಲ್ಲಿ ಒಯ್ಯಲಾರದೆ ಇಲ್ಲೇ ಬಿಟ್ಟು ಹೋದರಂತೆ. ಈಗಲೂ ಅದು ವರ್ಕ್‌ಶಾಪಿನ ಬಾಗಿಲು ಗಾಳಿಗೆ ಬಡಿಯದ ಹಾಗೆ ತಡೆದು ನಿಂತಿದೆ.

ಜುಮಾ ನಮಾಜು ಮುಗಿಸಿ ಬಂದ ಹಮೀದಾಕ ಮೊದಲು ಕೇಳಿದ್ದು, "ಊರಲ್ಲಿ ಎಲ್ಲಿ?" ಈ ಪ್ರಶ್ನೆ ಅಲ್ಲಿಗೆ ಹದಿನೇಳನೇ ಸಲ. ಎರಡನೆಯದು, ಈ ನೂರ್ಬಿ ನಮ್ಮ ಉಳ್ಳಾಲದವರ ಪೈಕಿಯವರಾ ಎಂದು. ಆಮೇಲೆ ಬಟ್ಟೆ ಸರಿಸಿ ಸ್ಮರಣಿಕೆ ತೋರಿಸಿದರು. ಹೊಳೆಯುವ ಸ್ಟೀಲಿನ ದಪ್ಪ ಹಲಗೆ. ಅದರ ಮೇಲೆ ಕನ್ನಡದಲ್ಲೂ ಇಂಗ್ಲಿಷಿನಲ್ಲೂ ಎಲ್ವಾ ನೂರ್ಬಿ, ಚಿತ್ರನಟಿ, ಸಂಗೀತ ಸಂಯೋಜಕಿ. ಅಕ್ಷರಗಳು ಎಷ್ಟು ಆಳವಾಗಿದ್ದವೆಂದರೆ ಬೆರಳ ತುದಿ ಒಳಗೆ ಇಳಿಯುತ್ತಿತ್ತು.

ನಾನು ಬೆರಳಾಡಿಸುತ್ತಾ ಎರಡು ನಿಮಿಷ ಅಲ್ಲೇ ನಿಂತೆ. ಹಮೀದಾಕ ಕುರ್ಚಿ ಎಳೆದು ಕೊಟ್ಟು, "ಇವರು ಎಂತ ಮಾಡಿದ್ದು ಹೇಳಿ ಮಾರಾಯ್ತಿ," ಅಂದರು. ಈ ಮೂರು ದಿನದಲ್ಲಿ ಹಾಗೆ ಕೇಳಿದ ಮೊದಲ ಮನುಷ್ಯ ಅವರು.

ಹೇಳಿದೆ. ಒಂದು ಚಿತ್ರದಲ್ಲಿ ಎಲ್ವಾ ದೀಪಸ್ತಂಭ ಕಾಯುವವನ ಹೆಂಡತಿ. ಬಟ್ಟೆ ಒಗೆಯುತ್ತಾ ಮಗುವಿಗೆಂದು ಗುನುಗಬೇಕು. ಸಂಗೀತ ನಿರ್ದೇಶಕ ಆ ದಿನ ಬರಲಿಲ್ಲ. ಎಲ್ವಾ ತಾನೇ ಒಂದು ರಾಗ ಕಟ್ಟಿ ಗುನುಗಿದರು. ಚಿತ್ರ ಮೂರು ವಾರ ಓಡಿ ನಿಂತಿತು. ಆ ರಾಗ ನಿಲ್ಲಲಿಲ್ಲ. ಯಾರೋ ಅದಕ್ಕೆ ಮಾತು ಸೇರಿಸಿದರು, ತಾಯಂದಿರು ಹಾಡಿದರು, ಶಿಶುವಿಹಾರಗಳಲ್ಲಿ ಕಲಿಸಿದರು. ಚಿತ್ರದ ಹೆಸರುಪಟ್ಟಿಯಲ್ಲಿ ರಾಗ ಸಂಗೀತ ನಿರ್ದೇಶಕನ ಹೆಸರಿನಲ್ಲಿತ್ತು. ಹಾಡಿನ ಪುಸ್ತಕಗಳಲ್ಲಿ 'ಜನಪದ' ಎಂದು ಬಂತು. ಎಲ್ವಾ ಆ ಚಿತ್ರದ ಕಂಪನಿಗೆ ವರ್ಷಕ್ಕೊಂದರಂತೆ ಮೂವತ್ತೊಂದು ವರ್ಷ ಪತ್ರ ಬರೆದರು. ಕೊನೆಗೆ ಕಂಪನಿಯವರು ಚಿತ್ರದ ಹೊಸ ಪ್ರತಿಯಲ್ಲಿ ಅವರ ಹೆಸರಿನ ಒಂದು ಸಾಲು ಸೇರಿಸಿದರು, ಎಲ್ಲ ಹೆಸರುಗಳೂ ಮುಗಿದ ಮೇಲೆ, ಪ್ರೇಕ್ಷಕರು ಎದ್ದು ಹೋಗುವ ಹೊತ್ತಿಗೆ ಬರುವ ಹಾಗೆ.

ಹಮೀದಾಕ ಗಡ್ಡ ಕೆರೆದುಕೊಂಡರು. "ನಮ್ಮ ಟ್ಯಾಂಕಿಗೂ ಬೇರೆಯವನ ಬೋರ್ಡು ಹಾಕುತ್ತಾರೆ. ಆದರೆ ಟ್ಯಾಂಕನ್ನು ಯಾರೂ ಮಗುವಿಗೆ ಹಾಡುವುದಿಲ್ಲ. ಇದು ದೊಡ್ಡ ಅನ್ಯಾಯ. ಆಗಲಿ, ಭಾನುವಾರ ಅವರ ಕೈಗೇ ಕೊಡುವ."

ನಾನು ಬಾಯಿ ತೆರೆದೆ. ಮಾವ ನನ್ನ ಪಾದ ತುಳಿದರು.

ನಾಲ್ಕನೇ ದಿನ, ಶನಿವಾರ: ಅಲ್ ಐನ್

ಅಲ್ ಐನ್‌ನ ಖರ್ಜೂರದ ತೋಟಕ್ಕೆ ನನ್ನನ್ನು ಕರೆದುಕೊಂಡು ಹೋದದ್ದು ಊರು ತೋರಿಸಲು ಎಂದು ಮಾವ ಹೇಳಿದರೂ, ನನ್ನ ಬಾಯಿ ಕಟ್ಟಲು ಎಂದು ನನಗೆ ಗೊತ್ತಿತ್ತು. ಮಣ್ಣಿನ ಗೋಡೆಗಳ ನಡುವೆ ಕಿರಿದಾದ ದಾರಿಗಳು. ಗೋಡೆಯ ಆಚೆ ಮರಗಳ ಬುಡಕ್ಕೆ ಸಣ್ಣ ಕಾಲುವೆಯಲ್ಲಿ ನೀರು. ಯಾರ ತೋಟಕ್ಕೆ ಎಷ್ಟು ಹೊತ್ತು ನೀರು ಎಂಬುದಕ್ಕೆ ಹಿಂದಿನಿಂದ ಲೆಕ್ಕ ಇದೆಯಂತೆ. ಲೆಕ್ಕ ಇಡುವ ಜನ ಎಂದು ಕೇಳಿ ನನಗೆ ಆ ಊರಿನ ಮೇಲೆ ಪ್ರೀತಿ ಬಂತು.

ಎಲ್ಲ ದಾರಿಯೂ ಒಂದೇ ಥರ. ನಾನು ತಿರುವುಗಳನ್ನು ಬರೆದುಕೊಳ್ಳುತ್ತಿದ್ದೆ. ಮಾವ, "ನನಗೆ ಗೊತ್ತುಂಟು, ಇಪ್ಪತ್ತು ವರ್ಷದಿಂದ ಇಲ್ಲಿದ್ದೇನೆ" ಎಂದು ಮುಂದೆ ಹೋದರು. ನಲವತ್ತು ನಿಮಿಷದಲ್ಲಿ ಒಂದೇ ಬೆಕ್ಕನ್ನು ಮೂರು ಸಲ ದಾಟಿದೆವು. ನಾಲ್ಕನೇ ಸಲ ಬೆಕ್ಕೇ ಎದ್ದು ಹೋಯಿತು. ಮಾವ ಗೋಡೆಗೆ ಒರಗಿ ಕೂತರು.

"ನಾನು ಈ ಸಂಘದಲ್ಲಿ ಹನ್ನೆರಡು ವರ್ಷ ಕುರ್ಚಿ ಹಾಕಿದ್ದೇನೆ, ಗೊತ್ತುಂಟಾ?" ಎಂದು ಶುರು ಮಾಡಿದರು. ಕುರ್ಚಿ ಹಾಕಿದ್ದು, ಮೈಕಿನ ವಯರು ಸುತ್ತಿದ್ದು, ಊಟದ ಬಾಲ್ದಿ ಹಿಡಿದದ್ದು. ಕಾರ್ಯಕ್ರಮದ ಕೊನೆಗೆ ಧನ್ಯವಾದ ಹೇಳುವಾಗ 'ಹಾಗೂ ಸಹಕರಿಸಿದ ಎಲ್ಲರಿಗೂ' ಎಂಬುದರಲ್ಲಿ ಅವರು ಪ್ರತಿ ವರ್ಷ ಇದ್ದರು. ಆಮಂತ್ರಣದ ಚಿಕ್ಕ ದುಂಡು ಚಿತ್ರಗಳಲ್ಲಿ ಅವರ ಮುಖ ಬಂದದ್ದು ಇದೇ ಮೊದಲು. ಊರಿನ ಅಜ್ಜಿಗೂ ಕಳಿಸಿದ್ದರಂತೆ. "ಸತ್ತವರನ್ನು ಸನ್ಮಾನಕ್ಕೆ ಕರೆದ ಕಾರ್ಯದರ್ಶಿ ಅಂತ ಆದರೆ ಖಲಾಸ್. ಮತ್ತೆ ಕುರ್ಚಿ ಹಾಕಲಿಕ್ಕೂ ಕರೆಯುವುದಿಲ್ಲ, ಮಗಾ."

ಹೆಸರಿಗಾಗಿ ಆಸೆಪಡುವವರನ್ನು ಕಂಡು ನಗುವುದು ಸುಲಭ. ಮೂರು ನೋಟ್ ಪುಸ್ತಕವನ್ನು ಅದೇ ಆಸೆಯ ಬಗ್ಗೆ ತುಂಬಿಸಿದ ನಾನು ನಗಲು ಹೇಗೆ ಸಾಧ್ಯ? ಆದರೆ ಆ ಸ್ಟೀಲಿನ ಹಲಗೆ ಇನ್ನೊಬ್ಬರ ಕೈ ಸೇರಿ, ಇನ್ನೊಬ್ಬರು ಅದಕ್ಕೆ ಕೈಮುಗಿದರೆ, ಎಲ್ವಾಗೆ ಆದದ್ದೇ ಮತ್ತೊಮ್ಮೆ ಆಗುತ್ತದೆ. ಅದೂ ಅವರ ಹೆಸರನ್ನೇ ಬಳಸಿಕೊಂಡು. ಕೊನೆಗೆ ಒಂದು ರಾಜಿಗೆ ಬಂದೆವು. ಕಾರ್ಯಕ್ರಮ ಶುರುವಾಗುವ ಮುಂಚೆ ನಾನು ಯಾರಿಗೂ, ಲೀನಾಗೂ, ಏನೂ ಹೇಳುವುದಿಲ್ಲ. ಸನ್ಮಾನದ ನಂತರ ನನ್ನ ಉಪನ್ಯಾಸದ ಇಪ್ಪತ್ತು ನಿಮಿಷದಲ್ಲಿ ಎಲ್ಲವನ್ನೂ ಮೆತ್ತಗೆ ಹೇಳಬಹುದು. ಇಪ್ಪತ್ತು ನಿಮಿಷದಲ್ಲಿ ಎಂಥ ಸತ್ಯವನ್ನಾದರೂ ಮೆತ್ತಗೆ ಹೇಳಬಹುದು ಎಂದು ನಂಬಿದ್ದೆ.

ಆಮೇಲೆ ನನ್ನ ಪಟ್ಟಿಯನ್ನು ಹಿಂದಿನಿಂದ ಓದಿಕೊಂಡು ಏಳು ನಿಮಿಷದಲ್ಲಿ ಹೊರಗೆ ಬಂದೆವು.

ಐದನೇ ದಿನ, ಭಾನುವಾರ: ದುಬೈ, ಒಂದು ಶಾಲೆಯ ಸಭಾಂಗಣ

ಆಮಂತ್ರಣದಲ್ಲಿ ನಾಲ್ಕು ಗಂಟೆ ಎಂದಿತ್ತು. ನಾಲ್ಕಕ್ಕೆ ಸರಿಯಾಗಿ ಬಂದವರು ಇಡೀ ಯುಎಇಯಲ್ಲಿ ಇಬ್ಬರು: ಲೀನಾ ಮತ್ತು ನಾನು. ಲೀನಾ ನೀಲಿ ಬಣ್ಣದ ಸೀರೆ ಉಟ್ಟಿದ್ದರು. ಅತ್ತೆ ಮಧ್ಯಾಹ್ನವೇ ಕರೆಸಿ ಹದಿನಾಲ್ಕು ಪಿನ್ನು ಹಾಕಿ ಉಡಿಸಿದ್ದು. ಸಭಾಂಗಣದಲ್ಲಿ ಬೀಗದ ಕೈ ಹಿಡಿದ ಕಾವಲುಗಾರನೊಬ್ಬನಿದ್ದ. ಕುರ್ಚಿಗಳು ಗೋಡೆಗೆ ಒರಗಿದ್ದವು. ಇಬ್ಬರೂ ಸ್ವಲ್ಪ ಹೊತ್ತು ನೋಡಿ, ಆಮೇಲೆ ಕುರ್ಚಿ ಹಾಕತೊಡಗಿದೆವು. ಲೀನಾ ಪ್ರತಿ ಸಾಲನ್ನೂ ಒಂದು ಕಣ್ಣು ಮುಚ್ಚಿ ನೋಡಿ ನೇರ ಮಾಡುತ್ತಿದ್ದರು. ಇನ್ನೂರ ಹದಿನಾರು ಕುರ್ಚಿ, ತೊಂಬತ್ತಾರು ನಿಮಿಷ. ಅಷ್ಟು ಹೊತ್ತೂ ನಾನು ಕೊಟ್ಟ ಮಾತು ಉಳಿಸಿಕೊಂಡೆ. ಅವರ ಗಂಡುಮಕ್ಕಳ ಬಗ್ಗೆ, ಹಿಮದ ಬಗ್ಗೆ, ಉಪ್ಪಿಟ್ಟಿನ ಬಗ್ಗೆ ಮಾತಾಡಿದೆವು. ಸುಳ್ಳು ಹೇಳುವುದಕ್ಕಿಂತ ಸುಮ್ಮನಿರುವುದೇ ಹೆಚ್ಚು ದಣಿವು.

ಜನ ಬರಬರುತ್ತಾ ನನ್ನ ನಿಮಿಷಗಳು ಹೋಗತೊಡಗಿದವು. ದೀಪ ಬೆಳಗುವುದಕ್ಕೆ ಹನ್ನೆರಡು ಮಂದಿ ಸಾಲಾಗಿ ನಿಂತಾಗ ನಿರೂಪಕರು ಬಂದು, ಉಪನ್ಯಾಸ ಹದಿನೈದು ನಿಮಿಷಕ್ಕೆ ಸಾಕು ಅಲ್ವಾ ಅಂದರು. ಸ್ವಾಗತ ಭಾಷಣ ಮುಗಿದಾಗ ಹತ್ತು. ಮಕ್ಕಳ ನೃತ್ಯದ ಸಿಡಿ ಎರಡು ಸಲ ನಿಂತು ಮತ್ತೆ ಮೊದಲಿನಿಂದ ಶುರುವಾದಾಗ ಏಳು. ಯಕ್ಷಗಾನದ ಮಹಿಷಾಸುರ ಸಭಿಕರ ನಡುವಿನಿಂದ ಬಂದು, ಮೊಬೈಲಿಗೆ ಸಿಕ್ಕಿದವರ ಜೊತೆಗೆಲ್ಲ ಫೋಟೊ ತೆಗೆಸಿಕೊಂಡು ವೇದಿಕೆ ಹತ್ತುವ ಹೊತ್ತಿಗೆ ನಿರೂಪಕರು ನನ್ನ ಕಡೆ ನೋಡಿ ಕೈಯನ್ನು ಕತ್ತರಿಯಂತೆ ಆಡಿಸಿದರು. ಉಪನ್ಯಾಸ ಮಾಫಿ. ಬೇಕಾದರೆ ಸನ್ಮಾನದ ಹೊತ್ತಿಗೆ ಮೇಡಂ ಪಕ್ಕ ನಿಂತು ಅವರ ಮಾತನ್ನು ಅನುವಾದ ಮಾಡಿ, ಎರಡು ನಿಮಿಷ ಎಂದರು.

ನಾನು ರಾಗ ಕೇಳಿಸಲೆಂದು ತಂದ ಲ್ಯಾಪ್‌ಟಾಪಿಗೆ ಅಲ್ಲಿಯ ವಯರು ಕೂಡಲಿಲ್ಲ. ಅದನ್ನು ಚೀಲದಲ್ಲಿಟ್ಟು ಬರಿಗೈಯಲ್ಲಿ ವೇದಿಕೆ ಹತ್ತಿದೆ.

ಸನ್ಮಾನ ಶುರುವಾಯಿತು. ಲೀನಾರನ್ನು ಕುರ್ಚಿಯಲ್ಲಿ ಕೂರಿಸಿದರು. ಶಾಲು ಹೊದಿಸಿದರು, ಹಾರ ಹಾಕಿದರು, ಹಣ್ಣಿನ ಬುಟ್ಟಿ ಮಡಿಲಿಗಿಟ್ಟರು, ಮೈಸೂರು ಪೇಟ ತೊಡಿಸಿದರು. ಪೇಟ ದೊಡ್ಡದಾಗಿ ಹುಬ್ಬಿನವರೆಗೆ ಇಳಿಯಿತು. ಮುಂದಿನ ಸಾಲಿನ ಒಬ್ಬ ಹೆಂಗಸು, "ಫೋಟೊದಲ್ಲಿ ಇದಕ್ಕಿಂತ ಸಣ್ಣ ಪ್ರಾಯ ಇತ್ತಲ್ಲ?" ಎಂದು ಪಕ್ಕದವರಿಗೆ ಹೇಳಿದ್ದು ಇಡೀ ಸಭೆಗೆ ಕೇಳಿಸಿತು. ಪಕ್ಕದವರು, ನಿನ್ನ ವಾಟ್ಸಾಪ್ ಫೋಟೊ ನೋಡಿಕೋ ಅಂದರು.

ಆಗ ಹಮೀದಾಕ ಎರಡೂ ಕೈಯಲ್ಲಿ ಸ್ಟೀಲಿನ ಹಲಗೆ ಎತ್ತಿಕೊಂಡು ಬಂದರು. ಲೀನಾ ಅದರ ಮೇಲಿನ ಇಂಗ್ಲಿಷ್ ಅಕ್ಷರಗಳನ್ನು ಓದಿದರು. ಮತ್ತೊಮ್ಮೆ ಓದಿದರು. ಪೇಟದ ಕೆಳಗಿನಿಂದ ನನ್ನ ಮುಖ ನೋಡಿ, ಇದು ನಾನಲ್ಲವಲ್ಲ ಎಂದು ಪಿಸುಗುಟ್ಟಿದರು. ಪರದೆಯ ಬದಿಯಲ್ಲಿ ಮಾವ ನನ್ನ ಕಡೆ ಕೈ ಜೋಡಿಸಿ ನಿಂತಿದ್ದರು. ನಿರೂಪಕರು ಮೈಕನ್ನು ನನ್ನ ಕೈಗೆ ಕೊಟ್ಟರು. ನನಗಿದ್ದದ್ದು ಎರಡು ನಿಮಿಷ, ಮತ್ತು ಅದರಲ್ಲಿ ಹತ್ತು ಸೆಕೆಂಡು ನಾನು ಮಾವನನ್ನು ನೋಡುತ್ತಾ ಕಳೆದೆ.

"ಇವರು ಎಲ್ವಾ ನೂರ್ಬಿ ಅಲ್ಲ," ಅಂದೆ. "ಎಲ್ವಾ ನೂರ್ಬಿ ತೀರಿಕೊಂಡಿದ್ದಾರೆ. ಇವರ ಹೆಸರು ಲೀನಾ. ಇವರ ತಪ್ಪಿಲ್ಲ."

ಮೆತ್ತಗೆ ಹೇಳಲು ಇಟ್ಟುಕೊಂಡಿದ್ದ ಹನ್ನೊಂದು ಪುಟದಲ್ಲಿ ನನಗೆ ನೆನಪಾದದ್ದು ನಾಲ್ಕು ವಾಕ್ಯ. ಮುಸಫ್ಫಾದಲ್ಲಿ ಹೇಳಿದ್ದನ್ನೇ ಹೇಳಿದೆ: ದೀಪಸ್ತಂಭ, ಬಟ್ಟೆ ಒಗೆಯುವುದು, ರಾಗ, ಮೂವತ್ತೊಂದು ಪತ್ರ. ಲೀನಾಗಾಗಿ ಇಂಗ್ಲಿಷಿನಲ್ಲೂ ಹೇಳಿದೆ. ರಾಗ ಕೇಳಿಸಲು ಯಂತ್ರ ಇಲ್ಲ ಎಂದು ಹೇಳಿ, ಕ್ಷಮೆ ಕೇಳಿ, ಮೈಕಿಗೆ ಅದನ್ನು ಗುನುಗಿದೆ. ನನ್ನ ಗಂಟಲು ಗ್ರಂಥಾಲಯಕ್ಕೆ ಸರಿಯಾದದ್ದು, ಹಾಡಿಗಲ್ಲ. ಎರಡನೇ ಸಾಲಿಗೇ ಅಪಸ್ವರ ಬಂತು.

ಲೀನಾ ಎದ್ದು ನಿಂತರು. ಹಣ್ಣಿನ ಬುಟ್ಟಿಯಿಂದ ಎರಡು ಕಿತ್ತಳೆ ಉರುಳಿದವು. ಅವರು ನನ್ನ ಕೈಯಿಂದ ಮೈಕು ತೆಗೆದುಕೊಂಡು ಆ ಸಾಲನ್ನು ಸರಿಯಾಗಿ ಹಾಡಿದರು. ಆಮೇಲೆ ಮುಂದಿನದನ್ನು, ಆಮೇಲೆ ಪೂರ್ತಿ, ಸ್ವೀಡಿಷ್ ಮಾತುಗಳ ಜೊತೆಗೆ, ಪೇಟ ಹಾಕಿಕೊಂಡೇ. ತೊಟ್ಟಿಲ ಹಾಡು ಎಂದು ಯಾರಿಗೂ ಹೇಳಬೇಕಾಗಲಿಲ್ಲ. ಮುಂದಿನ ಸಾಲಿನವರು ತಪ್ಪು ತಾಳಕ್ಕೆ ಚಪ್ಪಾಳೆ ತಟ್ಟತೊಡಗಿ, ಪಕ್ಕದವರು ಕೈ ಹಿಡಿದ ಮೇಲೆ ನಿಲ್ಲಿಸಿದರು.

"ಇದನ್ನು ನನ್ನ ಅಮ್ಮ ನನಗೆ ಹಾಡಿದ್ದು," ಎಂದರು ಲೀನಾ ಇಂಗ್ಲಿಷಿನಲ್ಲಿ. "ನಾನು ನನ್ನ ಇಬ್ಬರು ಮಕ್ಕಳಿಗೆ ಹಾಡಿದ್ದೇನೆ. ಇದನ್ನು ಒಬ್ಬರು ಮಾಡಿದ್ದು ಅಂತ ನನಗೆ ಗೊತ್ತೇ ಇರಲಿಲ್ಲ."

ನಾನು ಅನುವಾದ ಮಾಡಲು ಹೋದೆ. ಸಭೆಯಲ್ಲಿ ಎಲ್ಲರಿಗೂ ಅರ್ಥವಾಗಿತ್ತು. ಆದರೂ ಸಂಘದ ಅಧ್ಯಕ್ಷರ ಮುಖ ಗಂಟಾಗಿಯೇ ಇತ್ತು. ಅವರು ಮಾವನ ಕಡೆ ತಿರುಗಿ, ಹಾಗಾದರೆ ನಾವು ಸನ್ಮಾನ ಮಾಡಿದ್ದು ಯಾರಿಗೆ ದಿನಕರ್ ಎಂದು ಎಲ್ಲರೆದುರು ಕೇಳಿದರು.

ಉತ್ತರ ಕೊಟ್ಟದ್ದು ಹಮೀದಾಕ. ಹಲಗೆ ಇನ್ನೂ ಅವರ ಕೈಯಲ್ಲೇ ಇತ್ತು, ತೋಳು ನಡುಗುತ್ತಿತ್ತು.

"ಅಧ್ಯಕ್ಷರೇ, ಹೋದ ವರ್ಷ ಮಂತ್ರಿ ಬರಲಿಲ್ಲ. ಪೇಟ ಅವರ ಪಿಎಗೆ ಹಾಕಿದೆವು. ಅದರ ಹಿಂದಿನ ವರ್ಷ ಹೀರೋ ಬರಲಿಲ್ಲ, ಅವನ ಭಾವನಿಗೆ ಹೊದಿಸಿದೆವು. ಬಾರದವರಿಗೆ ಸನ್ಮಾನ ಮಾಡುವುದು ನಮಗೆಂತ ಹೊಸತಾ? ಈ ಸಲ ಬಾರದವರಿಗೆ ಒಂದು ಕಾರಣ ಆದರೂ ಉಂಟು." ಸಭೆ ನಕ್ಕಿತು. ಅವರು ಲೀನಾ ಕಡೆ ತಿರುಗಿದರು. "ಯಲ್ಲಾ, ಬೇಗ ಆಗಲಿ, ಇವರು ಅವರ ಊರಿನವರು. ಅವರ ಪರವಾಗಿ ತಕ್ಕೊಳ್ಳಲಿ. ನನ್ನ ಕೈ ಸೋತಿತು ಮಾರಾಯ್ರೆ."

ಲೀನಾರಿಗೆ ವಿಷಯ ತಿಳಿಸಿ, ಪರವಾಗಿ ತೆಗೆದುಕೊಳ್ಳುತ್ತೀರಾ ಎಂದು ಕೇಳಿದೆ. ಅವರು ಗಕ್ಕನೆ ಉಸಿರು ಒಳಗೆಳೆದುಕೊಂಡರು. ಮೈಕು ಬಾಯ ಹತ್ತಿರವೇ ಇದ್ದುದರಿಂದ ಸದ್ದು ಹೊರಗಿನ ಕಾರುಗಳವರೆಗೆ ಕೇಳಿಸಿರಬೇಕು. ಸಭೆಯಲ್ಲಿದ್ದ ಇಬ್ಬರು ನರ್ಸುಗಳು ವೇದಿಕೆಗೆ ಓಡಿ ಬಂದರು.

ಊಟದ ಸಾಲಿನಲ್ಲಿ ಆ ರಾಗವನ್ನು ಗುನುಗುತ್ತಿದ್ದವರನ್ನು ಎಣಿಸಿದೆ: ಏಳು ಮಂದಿ. ಅದರಲ್ಲಿ ಸರಿಯಾಗಿ ಗುನುಗಿದವರು ಒಬ್ಬರು, ಇಶಾ. ಮಾವ ಕುರ್ಚಿ ಮಡಚುತ್ತಿದ್ದರು. ಬೇಡವೆಂದರೂ ಕೇಳಲಿಲ್ಲ, ಕೈಗೆ ಏನಾದರೂ ಕೆಲಸ ಬೇಕು ಅಂದರು. ನನ್ನ ಮೇಲೆ ಸಿಟ್ಟಿದೆಯೇ ಎಂದು ಕೇಳಿದೆ. ಯೋಚಿಸಿ, "ಇವತ್ತು ಉಂಟು. ನಾಳೆ ನೋಡುವ," ಅಂದರು. ಸೋಮವಾರ ಬೆಳಗ್ಗೆ ಸ್ನಾನದ ಮನೆಯಿಂದ ನಾನು ಮತ್ತೆ ಕೂಗಿದಾಗ ಅವರು ಮೊದಲ ಸಲ ಗಟ್ಟಿಯಾಗಿ ನಕ್ಕಿದ್ದು ಕೇಳಿಸಿತು.

ಏಳನೇ ದಿನ, ಮಂಗಳವಾರ: ಮತ್ತೆ ವಿಮಾನ ನಿಲ್ದಾಣ

ವಿಮಾನದ ಬಾಗಿಲ ಬಳಿ ಕೂತಿದ್ದಾಗ ಸಂಘದ ವಾಟ್ಸಾಪ್ ಗುಂಪಿನಲ್ಲಿ ಕಾರ್ಯಕ್ರಮದ ವರದಿ ಬಂತು. ಊರಿನ ಪತ್ರಿಕೆಗಳಿಗೂ ಇದನ್ನೇ ಕಳಿಸುತ್ತಾರೆ. ಎಲ್ವಾ ನೂರ್ಬಿ ಹೆಸರು ನಾಲ್ಕು ಸಲ ಇತ್ತು, ನಾಲ್ಕು ಸಲವೂ ಸರಿಯಾಗಿ, 'ಆ ಜನಪ್ರಿಯ ತೊಟ್ಟಿಲ ಹಾಡಿನ ನಿಜವಾದ ಸಂಯೋಜಕಿ' ಎಂದು. ನನಗೆ ಕಣ್ಣು ತುಂಬಿತು. ಅದರ ಮುಂದಿನ ಸಾಲು ಹೀಗಿತ್ತು: 'ನಟಿಯ ಜೀವನ ಸಾಧನೆಯನ್ನು ಸಾಂಸ್ಕೃತಿಕ ಕಾರ್ಯದರ್ಶಿ ದಿನಕರ ಅವರು ಸಭೆಗೆ ಮನಮುಟ್ಟುವಂತೆ ವಿವರಿಸಿದರು.'

ಮತ್ತೊಮ್ಮೆ ಓದಿದೆ. ನನ್ನ ಹೆಸರು ಎಲ್ಲೂ ಇರಲಿಲ್ಲ. ಇದರಿಂದ ಏನಾಯಿತು, ಬಿಟ್ಟುಬಿಡು, ದೊಡ್ಡವಳಾಗು ಎಂದು ಮನಸ್ಸಿಗೆ ಹೇಳಿಕೊಂಡೆ. ಎಲ್ವಾ ಮೂವತ್ತೊಂದು ವರ್ಷ ಕಾದಿದ್ದರು. ನಾನು ಹನ್ನೊಂದು ನಿಮಿಷ ಕಾದೆ.

ಮಾವ ಫೋನ್ ಎತ್ತಿದ ತಕ್ಷಣ ಅದನ್ನೇ ಹೇಳಿದೆ. ವರದಿ ಬರೆದದ್ದು ಬೇರೆಯವರು, ತಾನು ನೋಡಿಯೇ ಇಲ್ಲ ಎಂದು ಅವರು ಗಾಬರಿಯಾದರು. ಆಮೇಲೆ ಮೆಲ್ಲನೆ, ಮನಮುಟ್ಟುವಂತೆ ಅಂತ ಬರೆದಿದ್ದಾರಾ ಎಂದೂ ಕೇಳಿದರು. ಹೌದು ಅಂದೆ. ಈಗಲೇ ಸರಿ ಮಾಡಿಸುತ್ತೇನೆ ಎಂದು ಇಟ್ಟರು.

ಹದಿನಾಲ್ಕು ನಿಮಿಷದಲ್ಲಿ ತಿದ್ದಿದ ವರದಿ ಬಂತು. ವಿಮಾನ ಹತ್ತುವವರ ಸಾಲು ಆಗಲೇ ಕರಗುತ್ತಿತ್ತು. ನಿಂತೇ ಓದಿದೆ. ನನ್ನ ಹೆಸರು, ಊರು, ಕಾಲೇಜು, ಎಲ್ಲ ಸರಿಯಾಗಿತ್ತು. ಲೀನಾ ಇದ್ದರು, ಹಮೀದಾಕ ಇದ್ದರು, ಮಹಿಷಾಸುರ ಕೂಡ ಇದ್ದ. ದಿನಕರ ಎಂಬ ಹೆಸರು ಹುಡುಕಿದೆ. ಕಾರ್ಯಕ್ರಮ ಸಂಯೋಜನೆ ಎಂಬಲ್ಲಿಯೂ ಇರಲಿಲ್ಲ, ವೇದಿಕೆಯಲ್ಲಿದ್ದವರ ಪಟ್ಟಿಯಲ್ಲಿಯೂ ಇರಲಿಲ್ಲ. ತಪ್ಪು ಮತ್ತೆ ಆಗಬಾರದೆಂದು ಅವರು ತಮ್ಮ ಹೆಸರನ್ನು ಬುಡಸಮೇತ ತೆಗೆಸಿಬಿಟ್ಟಿದ್ದರು.

ಬಾಗಿಲ ಬಳಿಯ ಹುಡುಗಿ, ಮೇಡಂ ಕೊನೆಯವರು ನೀವೇ ಎಂದಳು. ನಾನು ಅವಳಿಗೆ ಒಂದು ಬೆರಳು ತೋರಿಸಿ, ಮಾವನಿಗೆ ಇನ್ನೊಂದು ಫೋನ್ ಮಾಡಿದೆ.